ಮಾರ್ಗಸೂಚಿ ಬೆಲೆಯೂ ಸತ್ಯದ ಬೆಲೆಯೂ

ವ್ಯವಹಾರದಲ್ಲಿ ಸತ್ಯದ ಪರೀಕ್ಷೆ ನಡೆಯುವ ಸ್ಥಳಗಳು ಹಲವು. ತಕ್ಕಡಿ ತೂಗುವ ಅಂಗಡಿ ಅವುಗಳಲ್ಲಿ ಒಂದು. ಲೆಕ್ಕದ ಪುಸ್ತಕ ಇನ್ನೊಂದು. ಉಪನೋಂದಣಾಧಿಕಾರಿಗಳ ಕಚೇರಿ ಮತ್ತೊಂದು. ಮನೆಯನ್ನೋ ನಿವೇಶನವನ್ನೋ ಹೊಲವನ್ನೋ ಮಾರುವವನು ಮತ್ತು ಕೊಳ್ಳುವವನು ಅಲ್ಲಿ ಸರ್ಕಾರದ ಪ್ರತಿನಿಧಿಯ ಎದುರಿಗೆ ನಿಂತು, ಇಂತಿಷ್ಟು ಹಣಕ್ಕೆ ಈ ಆಸ್ತಿಯ ಕ್ರಯವಾಯಿತೆಂದು ಒಪ್ಪಿ ಬೆರಳಚ್ಚು ಒತ್ತುತ್ತಾರೆ. ಆದರೆ ಇಂದು ಕ್ರಯಪತ್ರದ ಕರಡು ಸಿದ್ಧವಾಗುವಾಗ ಪತ್ರ ಬರಹಗಾರನು ಕೇಳುವ ಮೊದಲ ಪ್ರಶ್ನೆ ‘ಎಷ್ಟಕ್ಕೆ ಕೊಂಡಿರಿ?’ ಎಂಬುದಲ್ಲ, ‘ಮಾರ್ಗಸೂಚಿ ಬೆಲೆ ಎಷ್ಟಿದೆ?’ ಎಂಬುದು. ಮೊದಲನೆಯ ಪ್ರಶ್ನೆಗೆ ಉತ್ತರ ಕೊಡಬಲ್ಲವರು ಆ ಇಬ್ಬರೇ. ಎರಡನೆಯ ಪ್ರಶ್ನೆಗೆ ಉತ್ತರ ಸರ್ಕಾರದ ಪಟ್ಟಿಯಲ್ಲಿದೆ. ಯಾವ ಪ್ರಶ್ನೆಗೆ ಇಬ್ಬರು ಮನುಷ್ಯರು ತಮ್ಮ ಅಂತಃಸಾಕ್ಷಿಯಿಂದ ಉತ್ತರಿಸಬೇಕಿತ್ತೋ ಅದಕ್ಕೆ ಪಟ್ಟಿಯೊಂದು ಉತ್ತರಿಸತೊಡಗಿದೆ.

ಸುಳ್ಳು ಬರೆಯುವವನನ್ನು ಹಿಡಿಯಲೆಂದು ಹುಟ್ಟಿದ ಈ ಪಟ್ಟಿಯು ಈಗ ಸುಳ್ಳು ಬರೆಯುವವನಿಗೆ ಆಶ್ರಯವಾಗಿ, ನಿಜ ಬರೆಯುವವನಿಗೆ ದಂಡವಾಗಿ ಪರಿಣಮಿಸಿದೆ. ಪಟ್ಟಿಯ ಬೆಲೆ ಅಂತಿಮವಲ್ಲ, ಅದು ವಿಚಾರಣೆಯ ಆರಂಭವೇ ಹೊರತು ತೀರ್ಪಲ್ಲ ಎಂದು ಸರ್ವೋಚ್ಚ ನ್ಯಾಯಾಲಯವು ಹಲವು ಸಲ ಹೇಳಿದೆ. ಆದರೂ ಕಚೇರಿಯ ಕಿಟಕಿಯ ಬಳಿ ಅದೇ ತೀರ್ಪಾಗಿ ನಿಂತಿದೆ. ಇದರಲ್ಲಿ ಸರ್ಕಾರದ ತಪ್ಪು ಎಷ್ಟಿದೆಯೋ ವರ್ತಕ ಸಮಾಜದ ತಪ್ಪೂ ಅಷ್ಟೇ ಇದೆ. ಎರಡನ್ನೂ ಒಟ್ಟಿಗೆ ಹೇಳದಿದ್ದರೆ ಅರ್ಧ ಸತ್ಯವನ್ನು ಹೇಳಿದಂತಾದೀತು.

ಈ ಪದ್ಧತಿ ಹೇಗೆ ಬಂದಿತೆಂಬುದನ್ನು ಮೊದಲು ತಿಳಿಯಬೇಕು. 1899ರ ಭಾರತೀಯ ಮುದ್ರಾಂಕ ಕಾಯ್ದೆಯು ಕ್ರಯಪತ್ರದ ಶುಲ್ಕವನ್ನು ಪತ್ರದಲ್ಲಿ ಬರೆದ ಪ್ರತಿಫಲದ ಮೇಲೆ ಕಟ್ಟಿತ್ತು. ಶುಲ್ಕಕ್ಕೆ ಸಂಬಂಧಿಸಿದ ಎಲ್ಲ ಸಂಗತಿಗಳನ್ನೂ ಪತ್ರದಲ್ಲಿ ಪೂರ್ಣವಾಗಿಯೂ ಸತ್ಯವಾಗಿಯೂ ಬರೆಯತಕ್ಕದ್ದೆಂದು ಅದರ 27ನೆಯ ಕಲಮು ವಿಧಿಸಿತ್ತು. ಬರೆಯದವನಿಗೆ ಶಿಕ್ಷೆಯುಂಟು, ಆದರೆ ಬರೆದ ಬೆಲೆಯನ್ನು ಬದಿಗೊತ್ತಿ ತಾವೇ ಬೆಲೆ ಕಟ್ಟುವ ಅಧಿಕಾರ ಕಂದಾಯ ಅಧಿಕಾರಿಗಳಿಗೆ ಇರಲಿಲ್ಲ. ಮುಂಬಯಿಯ ಹಿಮಾಲಯ ಹೌಸ್ ಕಂಪನಿಯ ಪ್ರಕರಣದಲ್ಲಿ 1972ರಲ್ಲಿ ಸರ್ವೋಚ್ಚ ನ್ಯಾಯಾಲಯವು ಇದನ್ನೇ ಸ್ಪಷ್ಟಪಡಿಸಿತು. ಕಾಯ್ದೆ ಪ್ರಜೆಯ ಮಾತನ್ನು ನಂಬಿತ್ತು. ಪ್ರಜೆ ಆ ನಂಬಿಕೆಯನ್ನು ಉಳಿಸಿಕೊಳ್ಳಲಿಲ್ಲ. ಹತ್ತಕ್ಕೆ ಕೊಂಡದ್ದನ್ನು ನಾಲ್ಕೆಂದು ಬರೆಯುವುದು ಜಾಣತನವೆನಿಸಿತು. ಮದ್ರಾಸ್ ರಾಜ್ಯವು 1967ರಲ್ಲಿಯೇ 47-ಎ ಎಂಬ ಕಲಮನ್ನು ಸೇರಿಸಿ, ಶುಲ್ಕವನ್ನು ಆಸ್ತಿಯ ಮಾರುಕಟ್ಟೆ ಬೆಲೆಯ ಮೇಲೆ ಕಟ್ಟುವ ದಾರಿಯನ್ನು ತೆರೆಯಿತು. ಬೇರೆ ರಾಜ್ಯಗಳು ಅದನ್ನು ಹಿಂಬಾಲಿಸಿದವು. ಕರ್ನಾಟಕದ 1957ರ ಮುದ್ರಾಂಕ ಕಾಯ್ದೆಯಲ್ಲಿ 45-ಎ ಕಲಮು ಬಂದಿತು. ಕಡಿಮೆ ಮೌಲ್ಯ ನಮೂದನ್ನು ತಡೆಯುವ ನಿಯಮಗಳು 1977ರಲ್ಲಿ ಬಂದವು. ಕೇಂದ್ರ ಮೌಲ್ಯಮಾಪನ ಸಮಿತಿಯನ್ನು ರಚಿಸಿ ಮಾರ್ಗಸೂಚಿ ಬೆಲೆಗಳನ್ನು ಪ್ರಕಟಿಸುವ ನಿಯಮಗಳು 2003ರಲ್ಲಿ ಬಂದವು. ಪಟ್ಟಿಯ ಹುಟ್ಟಿಗೆ ಪ್ರಜೆಯ ಅಸತ್ಯವೇ ಕಾರಣ. ಇದನ್ನು ಮರೆತು ಸರ್ಕಾರವೊಂದನ್ನೇ ದೂರುವವನಿಗೆ ದೂರುವ ಅರ್ಹತೆಯಿಲ್ಲ.

ಆದರೆ ಆ ಕಲಮು ಏನು ಹೇಳುತ್ತದೆಂಬುದನ್ನು ಗಮನವಿಟ್ಟು ಓದಬೇಕು. ಪತ್ರದಲ್ಲಿ ಮಾರುಕಟ್ಟೆ ಬೆಲೆಯನ್ನು ಸತ್ಯವಾಗಿ ನಮೂದಿಸಿಲ್ಲವೆಂದು ‘ನಂಬಲು ಕಾರಣವಿದ್ದರೆ’ ನೋಂದಣಾಧಿಕಾರಿಯು ಪ್ರಕಟಿತ ಅಂದಾಜನ್ನು ಗಮನದಲ್ಲಿಟ್ಟುಕೊಂಡು ತನ್ನ ಅಂದಾಜನ್ನು ಪಕ್ಷಗಾರರಿಗೆ ತಿಳಿಸಬೇಕು. ಅವರು ಅದರಂತೆ ಶುಲ್ಕ ಕಟ್ಟಲು ಒಪ್ಪದಿದ್ದರೆ ನೋಂದಣಿಯನ್ನು ತಡೆಹಿಡಿದು, ಬೆಲೆಯ ನಿರ್ಣಯಕ್ಕಾಗಿ ಪತ್ರವನ್ನು ಮೇಲಧಿಕಾರಿಗೆ ಕಳಿಸಬೇಕು. ಆ ಅಧಿಕಾರಿಯು ಪಕ್ಷಗಾರರ ಅಹವಾಲನ್ನು ಕೇಳಿ, ವಿಚಾರಣೆ ನಡೆಸಿ, ಆಜ್ಞೆ ಹೊರಡಿಸಬೇಕು. ಆ ಆಜ್ಞೆಯ ಮೇಲೆ ಮೇಲ್ಮನವಿಯುಂಟು. ಹೊಲವಾದರೆ ಭೂಮಿಯ ವರ್ಗ, ನೀರಿನ ಸೌಕರ್ಯ, ರಸ್ತೆಗೂ ಪೇಟೆಗೂ ಇರುವ ದೂರ; ನಿವೇಶನವಾದರೆ ನೆರೆಹೊರೆ ಮತ್ತು ಸೌಲಭ್ಯ; ಕಟ್ಟಡವಾದರೆ ಕಟ್ಟಿದ ವರ್ಷ, ಬಳಸಿದ ಸಾಮಗ್ರಿ, ಸವಕಳಿ ಇವೆಲ್ಲವನ್ನೂ ತೂಗಿ ನೋಡುವುದೇ ವಿಚಾರಣೆಯೆಂಬುದರ ಅರ್ಥ. ಕಾಯ್ದೆಯು ಅಧಿಕಾರಿಗೆ ಹೇಳಿರುವುದು ಪಟ್ಟಿಯನ್ನು ನೋಡೆಂದು. ಪಟ್ಟಿಯ ಹೊರತು ಬೇರೇನನ್ನೂ ನೋಡಬೇಡವೆಂದಲ್ಲ.

ನ್ಯಾಯಾಲಯಗಳ ಅಭಿಪ್ರಾಯವೂ ಇದೇ. 1996ರಲ್ಲಿ ವರದಿಯಾದ ಪಂಜಾಬ್ ಸರ್ಕಾರ ಮತ್ತು ಮೊಹಾಬೀರ್ ಸಿಂಗ್ ಪ್ರಕರಣದಲ್ಲಿ, ಮಾರ್ಗಸೂಚಿಯು ಮೇಲ್ನೋಟದ ಆಧಾರವಷ್ಟೇ, ಅದನ್ನು ಮುಂದಿಟ್ಟು ಪಕ್ಷಗಾರರು ಬರೆದ ಬೆಲೆಯನ್ನು ಯಾಂತ್ರಿಕವಾಗಿ ತಳ್ಳಿಹಾಕಲಾಗದೆಂದು ಸರ್ವೋಚ್ಚ ನ್ಯಾಯಾಲಯವು ಹೇಳಿತು. ಅದೇ ವರ್ಷ ಉತ್ತರ ಪ್ರದೇಶದ ಪ್ರಕಾಶವತಿ ಪ್ರಕರಣದಲ್ಲಿ, ಉತ್ತಮ ಬಡಾವಣೆಯ ಸಮೀಪದಲ್ಲಿದೆ ಎಂಬ ಒಂದೇ ಕಾರಣದಿಂದ ಒಂದು ಮನೆಗೆ ಆ ಬಡಾವಣೆಯ ಬೆಲೆ ಬಾರದೆಂದು ನಿರ್ಣಯಿಸಿತು. 1999ರ ರಮೇಶ್ ಚಂದ್ ಬನ್ಸಲ್ ಪ್ರಕರಣದಲ್ಲಿ ಪಟ್ಟಿಯ ಸಿಂಧುತ್ವವನ್ನು ಎತ್ತಿಹಿಡಿಯಿತಾದರೂ, ಅದು ಅಂತಿಮವಲ್ಲವೆಂಬ ಕಾರಣದಿಂದಲೇ ಎತ್ತಿಹಿಡಿಯಿತು. 2003ರಲ್ಲಿ ತಮಿಳುನಾಡಿನ ಟಾನ್ಸಿ ಭೂಮಿಯ ಪ್ರಕರಣದಲ್ಲಿ ಇದೇ ಮಾತನ್ನು ಪುನರುಚ್ಚರಿಸಿತು. 2009ರ ದೇವದಾಸ್ ಪ್ರಕರಣದಲ್ಲಿ, ಶುಲ್ಕ ತಪ್ಪಿಸುವ ಉದ್ದೇಶದಿಂದ ಬೆಲೆಯನ್ನು ಕಡಿಮೆ ಬರೆದಿದ್ದಾರೆಂದು ನಂಬಲು ಕಾರಣವಿಲ್ಲದೆ 47-ಎ ಕಲಮನ್ನು ಬಳಸಲಾಗದೆಂದಿತು. 2022ರ ನವೆಂಬರಿನಲ್ಲಿ ಪಶ್ಚಿಮ ಬಂಗಾಳದ ಪ್ರಕರಣವೊಂದರಲ್ಲಿ, ನ್ಯಾಯಾಲಯದ ಹರಾಜಿನಲ್ಲಿ ಬಂದ ಬೆಲೆಯೇ ಮಾರುಕಟ್ಟೆ ಬೆಲೆ, ನೋಂದಣಾಧಿಕಾರಿಯು ಅದಕ್ಕೆ ಬದ್ಧನೆಂದು ತೀರ್ಪಿತ್ತಿತು. ಕಾಲು ಶತಮಾನಕ್ಕೂ ಹೆಚ್ಚು ಕಾಲ ಒಂದೇ ದಿಕ್ಕಿನಲ್ಲಿ ಸಾಗಿಬಂದ ಈ ಮಾತಿಗೆ ಕಚೇರಿಗಳಲ್ಲಿ ಇನ್ನೂ ಕಿವಿಯಿಲ್ಲ.

ಕಚೇರಿಯಲ್ಲಿ ನಡೆಯುವುದೇನು? ಕರ್ನಾಟಕದ ನೋಂದಣಿ ಕಚೇರಿಗಳಿಗೆ 2003ರಲ್ಲಿ ‘ಕಾವೇರಿ’ ಎಂಬ ಗಣಕ ವ್ಯವಸ್ಥೆ ಬಂದಿತು. 2023ರಲ್ಲಿ ಅದರ ಎರಡನೆಯ ರೂಪ ಬಂದಿತು. ಆಸ್ತಿಯ ವಿವರವನ್ನು ತುಂಬಿದರೆ ಅದು ಮಾರ್ಗಸೂಚಿ ಬೆಲೆಯನ್ನೂ ಕಟ್ಟಬೇಕಾದ ಶುಲ್ಕವನ್ನೂ ತೋರಿಸುತ್ತದೆ. ಅನುಕೂಲ ದೊಡ್ಡದೇ. ಆದರೆ ಗಣಕಕ್ಕೆ ನಂಬಿಕೆಯೆಂಬುದಿಲ್ಲ. ಆದುದರಿಂದ ನಂಬಲು ಕಾರಣವೂ ಇರಲಾರದು. ಮನೆಯ ಹಿಂದೆ ರಾಜಕಾಲುವೆ ಹರಿಯುತ್ತದೆ, ಮಳೆಗಾಲದಲ್ಲಿ ನೀರು ಒಳಗೆ ನುಗ್ಗುತ್ತದೆ; ಓಣಿಯಲ್ಲಿ ಗಾಡಿ ಹೋಗುವುದಿಲ್ಲ; ನಲವತ್ತು ವರ್ಷದ ಬಾಡಿಗೆದಾರನು ಬಿಟ್ಟು ಹೋಗಲೊಲ್ಲನು; ಅಣ್ಣತಮ್ಮಂದಿರ ವ್ಯಾಜ್ಯ ಬಾಕಿಯಿದೆ. ಇವಾವುವೂ ಪಟ್ಟಿಗೆ ಗೊತ್ತಿಲ್ಲ. ಪಟ್ಟಿಗೆ ಗೊತ್ತಿರುವುದು ರಸ್ತೆಯ ಹೆಸರು ಮತ್ತು ಚದರ ಅಡಿಯ ದರ. ಅಧಿಕಾರಿಯು ತನ್ನ ವಿವೇಕವನ್ನು ಬಳಸಬೇಕಾದ ಎಡೆಯಲ್ಲಿ ಯಂತ್ರದ ಮೊತ್ತವನ್ನು ಓದಿ ಹೇಳುತ್ತಾನೆ. ಎದುರಿಗಿರುವವನು, ದೂರದ ಊರಿನಿಂದ ಬಂದ ಸಾಕ್ಷಿಗಳನ್ನೂ ಬ್ಯಾಂಕಿನ ಸಾಲದ ಗಡುವನ್ನೂ ನೆನೆದು, ವ್ಯತ್ಯಾಸವನ್ನು ಕಟ್ಟಿ ಮನೆಗೆ ಹೋಗುತ್ತಾನೆ. ಕಾನೂನಿನ ಲೆಕ್ಕದಲ್ಲಿ ಅವನು ಒಪ್ಪಿಕೊಂಡನು; ವಸ್ತುಸ್ಥಿತಿಯಲ್ಲಿ ಸೋತನು.

ಕಾಯ್ದೆಯ ವ್ಯಾಖ್ಯೆಯಲ್ಲಿಯೇ ಒಂದು ಓರೆಯಿದೆ. ಬಹಿರಂಗ ಮಾರುಕಟ್ಟೆಯಲ್ಲಿ ಬರಬಹುದಾದ ಬೆಲೆ ಮತ್ತು ಪತ್ರದಲ್ಲಿ ಬರೆದ ಬೆಲೆ, ಇವೆರಡರಲ್ಲಿ ಯಾವುದು ಹೆಚ್ಚೋ ಅದೇ ಮಾರುಕಟ್ಟೆ ಬೆಲೆಯೆಂದು ಕರ್ನಾಟಕದ ಕಾಯ್ದೆ ಹೇಳುತ್ತದೆ. ಒಬ್ಬನು ಅವಸರಕ್ಕೆ ಬಿದ್ದು ಹೆಚ್ಚು ಕೊಟ್ಟು ಕೊಂಡರೆ, ಕೊಟ್ಟದ್ದೇ ನಿಜವಾದ ಬೆಲೆ. ಇನ್ನೊಬ್ಬನಿಗೆ ಕಡಿಮೆಗೆ ದೊರೆತರೆ, ಕೊಟ್ಟದ್ದು ನಿಜವಲ್ಲ, ಬರಬಹುದಾಗಿದ್ದುದೇ ನಿಜ. ಒಂದೇ ಕಡೆಗೆ ವಾಲುವ ತಕ್ಕಡಿಯನ್ನು ಅಂಗಡಿಯಲ್ಲಿಟ್ಟ ವ್ಯಾಪಾರಿಯನ್ನು ತೂಕ ಮತ್ತು ಅಳತೆಯ ಇಲಾಖೆ ಸುಮ್ಮನೆ ಬಿಡುವುದಿಲ್ಲ.

ಈಗ ಲೆಕ್ಕವನ್ನು ನೋಡೋಣ. ನಗರದ ಆಸ್ತಿಗೆ ಶೇಕಡ 5ರ ಮುದ್ರಾಂಕ ಶುಲ್ಕ, ಆ ಶುಲ್ಕದ ಮೇಲೆ ಶೇಕಡ 10ರ ಉಪಕರ ಮತ್ತು ಶೇಕಡ 2ರ ಸರ್ಚಾರ್ಜು, 2025ರ ಆಗಸ್ಟ್ 31ರಿಂದ ಶೇಕಡ 1ರಿಂದ 2ಕ್ಕೆ ಏರಿದ ನೋಂದಣಿ ಶುಲ್ಕ, ಇವೆಲ್ಲ ಸೇರಿ ಶೇಕಡ 7.6 ಆಗುತ್ತದೆ. ಮಾರ್ಗಸೂಚಿ ಬೆಲೆ 60 ಲಕ್ಷ ರೂಪಾಯಿಯಿರುವ ಎರಡು ಮನೆಗಳನ್ನು ಕಲ್ಪಿಸಿಕೊಳ್ಳಬೇಕು. ಮೊದಲನೆಯದರಲ್ಲಿ ಮೇಲೆ ಹೇಳಿದಂತಹ ದೋಷಗಳಿವೆ. ಅದನ್ನು ಒಬ್ಬನು ಬ್ಯಾಂಕಿನ ಮೂಲಕ 50 ಲಕ್ಷ ಕೊಟ್ಟು ಕೊಂಡು, 50 ಲಕ್ಷವೆಂದೇ ಬರೆಯುತ್ತಾನೆ. ಕೊಟ್ಟ ಬೆಲೆಗೆ ಅವನು ಕಟ್ಟಬೇಕಾದದ್ದು 3,80,000. ಪಟ್ಟಿ ಅವನಿಂದ ಕಟ್ಟಿಸುವುದು 4,56,000. ಸತ್ಯಕ್ಕೆ 76,000 ರೂಪಾಯಿಯ ದಂಡ. ಎರಡನೆಯ ಮನೆ ಒಳ್ಳೆಯ ಜಾಗದಲ್ಲಿದೆ. ಕೊಂಡವನು ಕೊಟ್ಟದ್ದು ಒಂದು ಕೋಟಿ, ಬರೆದದ್ದು 60 ಲಕ್ಷ. ಅವನು ಕಟ್ಟಬೇಕಾದದ್ದು 7,60,000, ಕಟ್ಟಿದ್ದು 4,56,000. ಸುಳ್ಳಿಗೆ 3,04,000 ರೂಪಾಯಿಯ ಲಾಭ. ಮೇಲೆ 40 ಲಕ್ಷ ಕಪ್ಪುಹಣದ ಓಡಾಟ. ಇಬ್ಬರೂ ಒಂದೇ ಕಿಟಕಿಯಲ್ಲಿ ಒಂದೇ ಮೊತ್ತವನ್ನು ಕಟ್ಟಿದರು. ಸರ್ಕಾರದ ದೃಷ್ಟಿಯಲ್ಲಿ ಎರಡನೆಯವನ ಪತ್ರದಲ್ಲಿ ಕೊರತೆಯಿಲ್ಲ, ಮೊದಲನೆಯವನ ಪತ್ರದಲ್ಲಿ ಕೊರತೆಯಿದೆ!

ಇಷ್ಟಕ್ಕೇ ಮುಗಿಯುವುದಿಲ್ಲ. 1961ರ ಆದಾಯ ತೆರಿಗೆ ಕಾಯ್ದೆಗೆ 2002ರ ಹಣಕಾಸು ಕಾಯ್ದೆಯು ಸೇರಿಸಿದ 50-ಸಿ ಕಲಮಿನಂತೆ, ಮುದ್ರಾಂಕಕ್ಕೆ ಕಟ್ಟಿದ ಬೆಲೆಯನ್ನೇ ಮಾರಿದವನು ಪಡೆದನೆಂದು ಭಾವಿಸಿ ಬಂಡವಾಳ ಲಾಭವನ್ನು ಲೆಕ್ಕ ಹಾಕುವ ಪದ್ಧತಿ ಬಂದಿತು. ಅನಂತರದ ತಿದ್ದುಪಡಿಗಳು ವ್ಯತ್ಯಾಸದ ಮೊತ್ತವನ್ನು ಕೊಂಡವನ ಆದಾಯವೆಂದೂ ಎಣಿಸಿದವು. 2018ರಲ್ಲಿ ಶೇಕಡ 5ರಷ್ಟು, 2020ರಲ್ಲಿ ಶೇಕಡ 10ರಷ್ಟು ವ್ಯತ್ಯಾಸಕ್ಕೆ ವಿನಾಯಿತಿ ದೊರೆಯಿತು. ಮೇಲಿನ ಮೊದಲನೆಯ ಮನೆಯಲ್ಲಿ ವ್ಯತ್ಯಾಸವು ಶೇಕಡ 20. ಆದುದರಿಂದ ಯಾರೂ ಕೊಡದ, ಯಾರೂ ಪಡೆಯದ 10 ಲಕ್ಷ ರೂಪಾಯಿಗೆ ಮಾರಿದವನೂ ತೆರಿಗೆ ಕೊಡಬೇಕು, ಕೊಂಡವನೂ ತೆರಿಗೆ ಕೊಡಬೇಕು. ಮೌಲ್ಯಮಾಪನಾಧಿಕಾರಿಗೆ ಒಪ್ಪಿಸೆಂದು ಕೇಳುವ ಹಕ್ಕುಂಟು. ಆ ಹಕ್ಕು ಗೊತ್ತಿದ್ದವನಿಗೆ, ಕಾಗದಪತ್ರ ಇಟ್ಟುಕೊಂಡವನಿಗೆ, ಅಲೆಯಲು ಕಾಲಲ್ಲಿ ಬಲವಿದ್ದವನಿಗೆ.

ಈ ವಿಷಯದಲ್ಲಿ ದೇಶದ ನ್ಯಾಯಾಲಯವು ಒಂದು ಕಾಲಕ್ಕೆ ಬೇರೆ ಮಾತನ್ನಾಡಿತ್ತು. ಕೆ.ಪಿ. ವರ್ಗೀಸ್ ಎಂಬವರು 1958ರಲ್ಲಿ ಎರ್ನಾಕುಲಂನಲ್ಲಿ 16,500 ರೂಪಾಯಿಗೆ ಕೊಂಡಿದ್ದ ಮನೆಯನ್ನು 1965ರಲ್ಲಿ ಸೊಸೆಗೂ ತಮ್ಮ ಐವರು ಮಕ್ಕಳಿಗೂ ಅದೇ 16,500 ರೂಪಾಯಿಗೆ ಮಾರಿದರು. ಆದಾಯ ತೆರಿಗೆಯ ಅಧಿಕಾರಿಯು ಮನೆಯ ಬೆಲೆ 65,000 ಎಂದು ಕಟ್ಟಿ, 48,500 ರೂಪಾಯಿ ಲಾಭವಾಯಿತೆಂದು ತೆರಿಗೆ ಹಾಕಲು ಹೊರಟನು. 1981ರಲ್ಲಿ ಸರ್ವೋಚ್ಚ ನ್ಯಾಯಾಲಯವು, ಬರೆದುದಕ್ಕಿಂತ ಹೆಚ್ಚು ಹಣ ಪಡೆದನೆಂದು ರುಜುವಾತುಪಡಿಸುವ ಹೊಣೆ ಇಲಾಖೆಯದು; ಪಡೆಯದ ಹಣವನ್ನು ಪಡೆದನೆಂದು ಭಾವಿಸಿ ಪ್ರಾಮಾಣಿಕನ ಮೇಲೆ ತೆರಿಗೆ ಹೊರಿಸುವುದು ಶಾಸನದ ಉದ್ದೇಶವಾಗಿರಲಾರದು ಎಂದಿತು. ಮಕ್ಕಳಿಗೆ ವಾತ್ಸಲ್ಯದಿಂದ, ಕಷ್ಟದಲ್ಲಿರುವ ಬಂಧುವಿಗೆ ಕರುಣೆಯಿಂದ, ಹಳೆಯ ಬಾಡಿಗೆದಾರನಿಗೆ ಕೃತಜ್ಞತೆಯಿಂದ ಕಡಿಮೆ ಬೆಲೆಗೆ ಕೊಡುವವರು ಲೋಕದಲ್ಲಿ ಇದ್ದಾರೆಂಬುದನ್ನು ಆ ತೀರ್ಪು ಒಪ್ಪಿಕೊಂಡಿತು. ಪಟ್ಟಿಯ ಶಾಸನ ಇದನ್ನು ಒಪ್ಪುವುದಿಲ್ಲ. ಲಾಭವಿಲ್ಲದೆ ಕೊಡುವವನು ಪಟ್ಟಿಯ ಪ್ರಕಾರ ಕಳ್ಳನೇ.

ಇಷ್ಟು ಸರ್ಕಾರದ ವಿಷಯ. ವರ್ತಕನ ಕಡೆಗೂ ದೃಷ್ಟಿ ಹರಿಸಬೇಕು. ಉಮಾಸ್ವಾಮಿಗಳ ತತ್ತ್ವಾರ್ಥಸೂತ್ರವು ಸತ್ಯಾಣುವ್ರತದ ಅತಿಚಾರಗಳಲ್ಲಿ ಕೂಟಲೇಖಕ್ರಿಯೆಯನ್ನು, ಅಂದರೆ ಸುಳ್ಳು ಪತ್ರ ಬರೆಯುವುದನ್ನು, ಎಣಿಸಿದೆ. ಅಚೌರ್ಯಾಣುವ್ರತದ ಅತಿಚಾರಗಳಲ್ಲಿ ಹೀನಾಧಿಕಮಾನೋನ್ಮಾನವನ್ನು, ಅಂದರೆ ಕೊಡಲೊಂದು ಕೊಳಗ, ಕೊಳ್ಳಲೊಂದು ಕೊಳಗ ಇಡುವುದನ್ನು, ಎಣಿಸಿದೆ. ಒಂದು ಕೋಟಿಯನ್ನು 60 ಲಕ್ಷವೆಂದು ಬರೆದ ಕ್ರಯಪತ್ರವು ಕೂಟಲೇಖವಲ್ಲದೆ ಮತ್ತೇನು? ‘ಎಲ್ಲರೂ ಮಾರ್ಗಸೂಚಿ ಬೆಲೆಯನ್ನೇ ಬರೆಯುತ್ತಾರೆ, ಸರ್ಕಾರವೇ ಅದನ್ನು ಒಪ್ಪುತ್ತದೆ’ ಎಂಬ ಸಮಾಧಾನವನ್ನು ಬಹಳ ಜನ ಹೇಳಿಕೊಳ್ಳುತ್ತಾರೆ. ಸರ್ಕಾರವು ಒಪ್ಪುವುದು ಶುಲ್ಕವನ್ನು, ಸುಳ್ಳನ್ನಲ್ಲ. ಪತ್ರದಲ್ಲಿ ‘ಈ ಮೊತ್ತವನ್ನು ಪೂರ್ಣವಾಗಿ ಸಂದಾಯ ಮಾಡಲಾಗಿದೆ’ ಎಂದು ಬರೆದು ಸಹಿ ಹಾಕುವವನು ಪಟ್ಟಿಗೆ ಸಾಕ್ಷಿ ನುಡಿಯುತ್ತಿಲ್ಲ, ತನ್ನ ಕೃತ್ಯಕ್ಕೆ ಸಾಕ್ಷಿ ನುಡಿಯುತ್ತಿದ್ದಾನೆ.

ಈ ಸುಳ್ಳಿಗೆ ಬಲಿಯಾಗುವುದು ಖಜಾನೆಯೊಂದೇ ಅಲ್ಲ. 2013ರ ಭೂಸ್ವಾಧೀನ ಕಾಯ್ದೆಯ 26ನೆಯ ಕಲಮಿನಂತೆ ರೈತನ ಭೂಮಿಗೆ ಬೆಲೆ ಕಟ್ಟುವಾಗ ಮುದ್ರಾಂಕಕ್ಕೆ ನಿಗದಿಯಾದ ಬೆಲೆಯನ್ನೂ, ಹಿಂದಿನ ಮೂರು ವರ್ಷಗಳಲ್ಲಿ ಸಮೀಪದಲ್ಲಿ ನೋಂದಣಿಯಾದ ಕ್ರಯಪತ್ರಗಳ ಪೈಕಿ ಹೆಚ್ಚಿನ ಬೆಲೆಯ ಅರ್ಧದಷ್ಟು ಪತ್ರಗಳ ಸರಾಸರಿಯನ್ನೂ ನೋಡುತ್ತಾರೆ. ಎಲ್ಲರೂ ಕಡಿಮೆ ಬರೆದ ಹಳ್ಳಿಯಲ್ಲಿ ಹೆಚ್ಚಿನ ಬೆಲೆಯ ಪತ್ರವೂ ಕಡಿಮೆ ಬೆಲೆಯದೇ ಆಗಿರುತ್ತದೆ. ಪೇಟೆಯಿಂದ ಹೋಗಿ ಹತ್ತು ಎಕರೆ ಕೊಂಡು ಅರ್ಧ ಬೆಲೆ ಬರೆಸಿದವನು ತನಗೆ ಕೆಲವು ಸಾವಿರ ರೂಪಾಯಿ ಉಳಿಯಿತೆಂದು ಸಂತೋಷಪಡುತ್ತಾನೆ. ಎರಡು ವರ್ಷದ ನಂತರ ಹೆದ್ದಾರಿಗೆ ಭೂಮಿ ಕೊಡಬೇಕಾದ ಪಕ್ಕದ ಹೊಲದ ರೈತನಿಗೆ ಬರುವ ಪರಿಹಾರವನ್ನು ಆ ಪತ್ರವೇ ಕುಗ್ಗಿಸುತ್ತದೆ. ಕಣ್ಣಿಗೆ ಕಾಣದ, ಹೆಸರು ತಿಳಿಯದ ಜೀವಕ್ಕೆ ಮಾಡಿದ ಈ ನೋವು ಹಿಂಸೆಯಲ್ಲವೆಂದು ಹೇಳಲು ಯಾವ ಶಾಸ್ತ್ರವನ್ನು ಆಶ್ರಯಿಸಬೇಕು?

ಸರ್ಕಾರದ ಕೊಳಗವೂ ಇಲ್ಲಿ ಒಂದೇ ಅಳತೆಯದಾಗಿರಲಿಲ್ಲ. ಆಂಧ್ರ ಪ್ರದೇಶದ ಆದಿಲಾಬಾದಿನಲ್ಲಿ ಭೂಮಿ ಕಳೆದುಕೊಂಡವರೊಬ್ಬರು ಮುದ್ರಾಂಕದ ಮೂಲ ಮೌಲ್ಯ ಪುಸ್ತಕದಂತೆ ತಮಗೆ ಪರಿಹಾರ ಬೇಕೆಂದು ಕೇಳಿದ ಜವಾಜಿ ನಾಗನಾಥಂ ಪ್ರಕರಣದಲ್ಲಿ, ಆ ಪುಸ್ತಕಕ್ಕೆ ಶಾಸನದ ಆಧಾರವಿಲ್ಲ, ಪರಿಹಾರಕ್ಕೆ ಅದು ಅಡಿಪಾಯವಾಗದು ಎಂದು 1994ರಲ್ಲಿ ತೀರ್ಪಾಯಿತು. ಕಾನೂನಿನ ತರ್ಕ ಅಲ್ಲಿ ಸರಿಯೇ. ಆದರೆ ಶುಲ್ಕ ವಸೂಲಿಗೆ ಯೋಗ್ಯವಾದ ಪುಸ್ತಕವು ಪರಿಹಾರ ಕೊಡುವಾಗ ಅಯೋಗ್ಯವಾಯಿತೆಂಬುದನ್ನು ರೈತನಿಗೆ ತಿಳಿಯ ಹೇಳುವುದು ಸುಲಭವಲ್ಲ. ಎರಡು ದಶಕದ ನಂತರ 2013ರ ಕಾಯ್ದೆಯು ಈ ಅಂತರವನ್ನು ಸ್ವಲ್ಪ ಮಟ್ಟಿಗೆ ಮುಚ್ಚಿತು. ಇದಕ್ಕೂ ಹಿಂದೆ, 1986ರಿಂದ 2002ರವರೆಗೆ, ಕಡಿಮೆ ಬೆಲೆ ಬರೆದ ದೊಡ್ಡ ಆಸ್ತಿಗಳನ್ನು ಬರೆದ ಬೆಲೆಗೇ ಸರ್ಕಾರ ಕೊಂಡುಕೊಳ್ಳುವ ಏರ್ಪಾಡು ಆದಾಯ ತೆರಿಗೆ ಕಾಯ್ದೆಯಲ್ಲಿತ್ತು. ಪಕ್ಷಗಾರರ ಮಾತನ್ನು ಕೇಳದೆ ಹಾಗೆ ಕೊಳ್ಳಕೂಡದೆಂದು ಗೌತಮ್ ಪ್ರಕರಣದಲ್ಲಿ 1992ರಲ್ಲಿ ಸರ್ವೋಚ್ಚ ನ್ಯಾಯಾಲಯವು ಅದಕ್ಕೆ ಕಡಿವಾಣ ಹಾಕಿತು. ಆ ಏರ್ಪಾಡು ಕಠಿಣವಾಗಿತ್ತು, ದುರುಪಯೋಗಕ್ಕೂ ಎಡೆಯಿತ್ತು. ಆದರೆ ಅದರಲ್ಲಿ ಒಂದು ನ್ಯಾಯವಿತ್ತು: ಬೆಲೆ ಕಡಿಮೆಯೆಂದು ಹೇಳುವವನು ಆ ಮಾತಿಗೆ ತನ್ನ ಹಣವನ್ನೂ ಹೂಡಬೇಕಾಗಿತ್ತು. ಪಟ್ಟಿಯ ಬೆಲೆಗೆ ಆಸ್ತಿಯನ್ನು ಕೊಳ್ಳುವಿರಾ ಎಂದು ಕೇಳಿದರೆ ಇಂದಿನ ಇಲಾಖೆಯ ಬಳಿ ಉತ್ತರವಿಲ್ಲ.

ಪಟ್ಟಿಯ ಪರವಾಗಿ ಹೇಳುವ ಮಾತುಗಳನ್ನು ಹಗುರವಾಗಿ ಕಾಣಬಾರದು. ದಿನಕ್ಕೆ ಹತ್ತಾರು ಪತ್ರ ನೋಂದಾಯಿಸುವ ಅಧಿಕಾರಿ ಪ್ರತಿಯೊಂದು ಆಸ್ತಿಯನ್ನೂ ಹೋಗಿ ನೋಡಲಾರನೆಂಬುದು ಒಂದು. ಬೆಲೆ ಕಟ್ಟುವುದನ್ನು ಅವನ ಇಚ್ಛೆಗೆ ಬಿಟ್ಟರೆ ಲಂಚಕ್ಕೆ ಬಾಗಿಲು ತೆರೆದಂತಾಗುತ್ತದೆಂಬುದು ಇನ್ನೊಂದು. ಶಾಲೆಗೂ ಆಸ್ಪತ್ರೆಗೂ ಹಣ ಇಂತಹ ಶುಲ್ಕದಿಂದಲೇ ಬರಬೇಕೆಂಬುದು ಮೂರನೆಯದು. ಮೂರೂ ನಿಜ. ಮೂರಕ್ಕೂ ಉತ್ತರ ಒಂದೇ. ಪಟ್ಟಿ ಇರಲಿ; ಅದು ಅನುಮಾನದ ಗೆರೆಯಾಗಿರಲಿ. ಗೆರೆಯ ಕೆಳಗೆ ಬರೆದವನನ್ನು ಪ್ರಶ್ನಿಸುವುದು ನ್ಯಾಯ. ಉತ್ತರವನ್ನು ಕೇಳದೆ ದಂಡಿಸುವುದು ಅನ್ಯಾಯ. ಲಂಚಕ್ಕೆ ಮದ್ದು ಕಾರಣವನ್ನು ಬರೆದ ಆಜ್ಞೆ ಮತ್ತು ಅದರ ಮೇಲಿನ ಮೇಲ್ಮನವಿಯೇ ಹೊರತು ವಿವೇಕವನ್ನು ಕಿತ್ತುಹಾಕುವುದಲ್ಲ. ಇನ್ನು ಆದಾಯದ ಮಾತು: 2023ರ ಅಕ್ಟೋಬರ್ 1ರಿಂದ ಕರ್ನಾಟಕದಲ್ಲಿ ಮಾರ್ಗಸೂಚಿ ಬೆಲೆಗಳು ಹೆಚ್ಚಿದವು, 2025ರಲ್ಲಿ ನೋಂದಣಿ ಶುಲ್ಕ ಇಮ್ಮಡಿಸಿತು. ಆದಾಯ ಹೆಚ್ಚಿಸುವ ದಾರಿ ಸರ್ಕಾರಕ್ಕೆ ತಿಳಿದಿದೆ. ಆ ದಾರಿಯಲ್ಲಿ ನಡೆಯುವವನು ಪ್ರಾಮಾಣಿಕನ ಅಹವಾಲನ್ನು ಕೇಳಲು ಪುರುಸೊತ್ತಿಲ್ಲವೆಂದು ಹೇಳಲಾಗದು.

ಆದರೆ ಅಹವಾಲು ಹೇಳುವ ದಾರಿಯಲ್ಲಿಯೇ ಮುಳ್ಳುಗಳಿವೆ. ಪ್ರಶ್ನಿಸಿದವನ ನೋಂದಣಿ ತಡೆದು ನಿಲ್ಲುತ್ತದೆ. ಪತ್ರ ಕೈಗೆ ಬಾರದೆ ಬ್ಯಾಂಕು ಸಾಲ ಕೊಡುವುದಿಲ್ಲ, ಖಾತೆ ಬದಲಾಗುವುದಿಲ್ಲ. ಕೆಲವು ರಾಜ್ಯಗಳಲ್ಲಿ ವ್ಯತ್ಯಾಸದ ಶುಲ್ಕದ ಅರ್ಧವನ್ನು ಮೊದಲೇ ಕಟ್ಟದಿದ್ದರೆ ವಿಚಾರಣೆಗೇ ಪ್ರವೇಶವಿಲ್ಲ. ಆಂಧ್ರ ಪ್ರದೇಶದ ಇಂತಹ ನಿಯಮವನ್ನು ಲಕ್ಷ್ಮೀದೇವಿ ಪ್ರಕರಣದಲ್ಲಿ 2008ರಲ್ಲಿಯೂ, ರಾಜಸ್ಥಾನದ ನಿಯಮವನ್ನು ಹರದೇವಿ ಆಸ್ನಾನಿ ಪ್ರಕರಣದಲ್ಲಿ 2011ರಲ್ಲಿಯೂ ಸರ್ವೋಚ್ಚ ನ್ಯಾಯಾಲಯವು ಸಿಂಧುವೆಂದಿತು. ಕಟ್ಟಿದ ಬೆಲೆ ತೀರ ಅನ್ಯಾಯದ್ದಾದರೆ ಉಚ್ಚ ನ್ಯಾಯಾಲಯಕ್ಕೆ ರಿಟ್ ಅರ್ಜಿಯೊಡನೆ ಹೋಗಬಹುದೆಂದೂ ಹೇಳಿತು. 76,000 ರೂಪಾಯಿಗಾಗಿ ಉಚ್ಚ ನ್ಯಾಯಾಲಯದ ಮೆಟ್ಟಿಲು ಹತ್ತುವವನು ಯಾರು? ವಕೀಲರ ಶುಲ್ಕವೇ ಅದನ್ನು ಮೀರುತ್ತದೆ. ಒಬ್ಬೊಬ್ಬನ ನಷ್ಟ ಚಿಕ್ಕದಾಗಿರುವುದೇ ಈ ಅನ್ಯಾಯಕ್ಕೆ ದೊಡ್ಡ ರಕ್ಷೆಯಾಗಿದೆ. ಇನ್ನು ಮಾರುವವನು ಕರಾರಿಗೆ ತಪ್ಪಿದನೆಂದು ದಾವೆ ಹೂಡಿ, ವರ್ಷಗಟ್ಟಲೆ ಕಾದು, ಡಿಕ್ರಿ ಪಡೆದು ಕ್ರಯಪತ್ರ ಮಾಡಿಸಿಕೊಂಡವನಿಗೂ ಕರಾರಿನ ಕಾಲದ ಬೆಲೆಯಲ್ಲ, ಪತ್ರವಾದ ದಿನದ ಮಾರುಕಟ್ಟೆ ಬೆಲೆಯೇ ಅನ್ವಯವೆಂದು ರಾಜಸ್ಥಾನದ ಪ್ರಕರಣವೊಂದರಲ್ಲಿ 2007ರಲ್ಲಿ ತೀರ್ಪಾಗಿದೆ. ಅಕ್ಷರಶಃ ಅದು ಕಾನೂನೇ. ಆದರೆ ವಿಳಂಬ ಮಾಡಿದವನು ಒಬ್ಬ, ವಿಳಂಬದ ಬೆಲೆ ತೆತ್ತವನು ಮತ್ತೊಬ್ಬ.

ಆದುದರಿಂದ ಸರ್ಕಾರವು ಮಾಡಬೇಕಾದದ್ದು ಕಷ್ಟದ ಕೆಲಸವಲ್ಲ. ಪಟ್ಟಿಗಿಂತ ಕಡಿಮೆ ಬೆಲೆ ಬರೆದ ಪತ್ರ ಬಂದಾಗ ಅಧಿಕಾರಿಯು ತನ್ನ ಅನುಮಾನಕ್ಕೆ ಕಾರಣವನ್ನು ಎರಡು ಸಾಲಿನಲ್ಲಾದರೂ ಬರೆಯಬೇಕು. ಒಪ್ಪದವನಿಂದ ವ್ಯತ್ಯಾಸಕ್ಕೆ ಭದ್ರತೆ ಪಡೆದು ಪತ್ರವನ್ನು ನೋಂದಾಯಿಸಿ ಕೊಟ್ಟು, ವ್ಯಾಜ್ಯವನ್ನು ಪ್ರತ್ಯೇಕವಾಗಿ ನಡೆಸಬೇಕು. ಬೆಲೆಯ ನಿರ್ಣಯಕ್ಕೆ ಗಡುವಿರಬೇಕು. ಗಡುವು ಮೀರಿದರೆ ಬರೆದ ಬೆಲೆಯೇ ನಿಲ್ಲಬೇಕು. ಬ್ಯಾಂಕಿನ ಮೂಲಕ ಪೂರ್ತಿ ಹಣ ಸಂದಾಯವಾಗಿದ್ದರೆ ರುಜುವಾತಿನ ಹೊಣೆ ಇಲಾಖೆಯ ಮೇಲಿರಬೇಕು. ಮುದ್ರಾಂಕಕ್ಕೆ ಒಪ್ಪಿದ ನಿಜ ಬೆಲೆಯನ್ನು ಆದಾಯ ತೆರಿಗೆಯೂ ಒಪ್ಪಬೇಕು. ಬೆಲೆ ಇಳಿದ ಬಡಾವಣೆಯಲ್ಲಿ ಪಟ್ಟಿಯೂ ಇಳಿಯಬೇಕು; ಏರಲು ಮಾತ್ರ ಬಲ್ಲ ಪಟ್ಟಿ ಮಾರುಕಟ್ಟೆಯ ಕನ್ನಡಿಯಲ್ಲ.

ಕೊಳ್ಳುವವನು ಮಾಡಬೇಕಾದದ್ದೂ ಇದೆ. ಕೊಟ್ಟ ಬೆಲೆಯನ್ನು, ಪಟ್ಟಿಗಿಂತ ಹೆಚ್ಚಿರಲಿ ಕಡಿಮೆಯಿರಲಿ, ಪೂರ್ಣವಾಗಿ ಬರೆಯಬೇಕು. ಹೆಚ್ಚಿದ್ದಾಗ ಪಟ್ಟಿಯ ಮರೆಯಲ್ಲಿ ಅಡಗಿ, ಕಡಿಮೆಯಿದ್ದಾಗ ಪಟ್ಟಿಯನ್ನು ಶಪಿಸುವವನು ನ್ಯಾಯ ಕೇಳಲು ಬಂದವನಲ್ಲ, ಚೌಕಾಸಿಗೆ ಬಂದವನು. ಕಡಿಮೆಗೆ ಕೊಂಡಿದ್ದರೆ ಅದರ ಕಾರಣವನ್ನು ಪತ್ರದಲ್ಲಿಯೇ ನಮೂದಿಸಬೇಕು. ಬ್ಯಾಂಕಿನ ದಾಖಲೆ, ಆಸ್ತಿಯ ಛಾಯಾಚಿತ್ರ, ಪುರಸಭೆಯ ತೆರಿಗೆಯ ರಸೀದಿ, ಬಾಡಿಗೆಯ ಕರಾರು, ಬಾಕಿಯಿರುವ ದಾವೆಯ ಪ್ರತಿ, ನೆರೆಯ ಆಸ್ತಿಗಳ ಕ್ರಯಪತ್ರಗಳ ದೃಢೀಕೃತ ನಕಲು ಇವನ್ನು ಮೊದಲೇ ಸಿದ್ಧವಾಗಿಟ್ಟುಕೊಂಡು, ವಿಚಾರಣೆ ಬೇಕೆಂದು ಲಿಖಿತವಾಗಿ ಕೇಳಬೇಕು. ಕರಡು ಪಟ್ಟಿ ಪ್ರಕಟವಾಗಿ ಆಕ್ಷೇಪಣೆ ಕರೆದಾಗ ಓಣಿಯವರೆಲ್ಲ ಸೇರಿ ಸಲ್ಲಿಸಬೇಕು. ಆಗ ಸುಮ್ಮನಿದ್ದು ನಂತರ ಗೊಣಗುವುದರಿಂದ ಫಲವಿಲ್ಲ. ವಕೀಲರೂ ಲೆಕ್ಕಪರಿಶೋಧಕರೂ ಇರುವ ಸಮಾಜ ಸಂಸ್ಥೆಗಳು ಬಡ ಖರೀದಿದಾರರ ಇಂತಹ ಚಿಕ್ಕ ವ್ಯಾಜ್ಯಗಳನ್ನು ಶುಲ್ಕವಿಲ್ಲದೆ ನಡೆಸಿಕೊಟ್ಟರೆ ಅದೂ ದಾನವೇ.

ಕಂದಾಯವನ್ನು ತಪ್ಪಿಸಲು ನ್ಯಾಯಾಲಯಕ್ಕೆ ಹೋಗುವುದು ಬೇರೆ, ಸತ್ಯವನ್ನು ಒಪ್ಪಿಸಲು ಹೋಗುವುದು ಬೇರೆ. ಹಿಂದೆ ಹೇಳಿದ ತೀರ್ಪುಗಳು ಬಂದದ್ದು, ಯಾರೋ ಕೆಲವರು ವ್ಯತ್ಯಾಸವನ್ನು ಕಟ್ಟಿ ಸುಮ್ಮನಾಗದೆ, ‘ಬರೆದದ್ದು ನಿಜ, ಬೇಕಾದರೆ ಪರೀಕ್ಷಿಸಿ’ ಎಂದು ನಿಂತುದರಿಂದ. ಹಾಗೆ ನಿಲ್ಲಲು ಬರೆದದ್ದು ನಿಜವಾಗಿರಬೇಕಾಗುತ್ತದೆ. ಪಟ್ಟಿಯನ್ನು ಅದರ ಸ್ಥಾನದಲ್ಲಿ ಕೂರಿಸುವ ಶಕ್ತಿ ನ್ಯಾಯಾಧೀಶರ ಲೇಖನಿಗಿಂತ ಮೊದಲು ಕ್ರಯಪತ್ರ ಬರೆಯುವವನ ಲೇಖನಿಯಲ್ಲಿದೆ.